ಇಬ್ಬರಿಗೆ ಒಂದೇ ಜಾಕೆಟ್ಟು

ನಮ್ಮಿಬ್ಬರಿಗೆ ಇದ್ದದ್ದು ಒಂದೇ ಜಾಕೆಟ್ಟು. ಕಿತ್ತಳೆ ಬಣ್ಣದ್ದು. ಎದೆಗೂ ಬೆನ್ನಿಗೂ ಹೊಳೆಯುವ ಪಟ್ಟಿ ಇತ್ತು. ಗಾಡಿಯ ದೀಪ ಬಿದ್ದರೆ ಮಿಂಚುತ್ತಿತ್ತು. ಅದಿಲ್ಲದಿದ್ದರೆ ನಾವು ರಸ್ತೆಯ ಬಣ್ಣವೇ. ಕಸ ಗುಡಿಸುವವರು ಎಂಥ ಬಟ್ಟೆ ಹಾಕಿದರೂ ಎರಡು ದಿನಕ್ಕೆ ಅದು ಧೂಳಿನ ಬಣ್ಣಕ್ಕೆ ತಿರುಗುತ್ತದೆ.

ಇನ್ನೊಂದು ಜಾಕೆಟ್ಟು ಬರುತ್ತದೆ ಎಂದು ಮೇಸ್ತ್ರಿ ಐದು ವರ್ಷದಿಂದ ಹೇಳುತ್ತಿದ್ದ. ಮೇಸ್ತ್ರಿ ಎಂದರೆ ಗುತ್ತಿಗೆದಾರನ ಆಳು, ನಮ್ಮ ಹಾಜರಿ ಹಾಕಿಸುವವನು. ಗುತ್ತಿಗೆದಾರನ ಮುಖ ನಾವು ಕಂಡವರಲ್ಲ. ಕೇಳಿದಾಗಲೆಲ್ಲ ಮೇಸ್ತ್ರಿ, "ಬರುತ್ತೆ ಬರುತ್ತೆ, ನಿಮ್ಗೇನು ಮದುವೆಗೆ ಹೋಗೋದಿದ್ಯಾ?" ಎಂದು ನಗುತ್ತಿದ್ದ. ನಾವೂ ನಗುತ್ತಿದ್ದೆವು. ನಗದಿದ್ದರೆ ಮಾರನೇ ದಿನ ಉದ್ದದ ರಸ್ತೆ ಬೀಳುತ್ತಿತ್ತು.

ಅವಳು ಉದ್ದಕ್ಕ. ನಾನು ಗಿಡ್ಡಿ. ಹೆಸರಿಟ್ಟವನು ಚಹಾದಂಗಡಿಯವನು. ಅದೇ ಜಾಕೆಟ್ಟು ನನಗೆ ತೊಡೆಯ ತನಕ ಬರುತ್ತಿತ್ತು, ಅವಳಿಗೆ ಸೊಂಟಕ್ಕೇ ನಿಲ್ಲುತ್ತಿತ್ತು. ಹನ್ನೊಂದು ವರ್ಷ ಒಂದೇ ರಸ್ತೆಯನ್ನು ಜೋಡಿಯಾಗಿ ಗುಡಿಸಿದೆವು. ನನಗೆ ಗಂಡ ಇಲ್ಲ, ಮಕ್ಕಳಿಲ್ಲ. ಇರುವುದು ಒಂದು ಕೋಣೆ, ಒಂದು ಸ್ಟೌವು, ಒಂದು ಮಂಚ. ದಿನಕ್ಕೆ ನಾನು ಆಡುತ್ತಿದ್ದ ಮಾತೆಲ್ಲ ಅವಳ ಜೊತೆಗೇ. ಮನೆಗೆ ಬಂದ ಮೇಲೆ ಬಾಯಿಗೆ ಕೆಲಸ ಇರುತ್ತಿದ್ದದ್ದು ಊಟಕ್ಕೆ ಮಾತ್ರ.

ನಮ್ಮ ಕೆಲಸದ ಕ್ರಮ ಹೀಗೆ. ಒಬ್ಬಳು ಉದ್ದ ಕೋಲಿನ ಪೊರಕೆ ಹಿಡಿದು ಮುಂದೆ, ರಸ್ತೆಯ ನಡುವಿನಿಂದ ಅಂಚಿಗೆ ಕಸ ತಳ್ಳುತ್ತ ಹೋಗಬೇಕು. ಇನ್ನೊಬ್ಬಳು ಹಿಂದೆ, ಅಂಚಿನಲ್ಲೇ, ತಗಡಿನ ಮೊರದಲ್ಲಿ ಕಸ ಬಾಚಿ ತಳ್ಳುಗಾಡಿಗೆ ಹಾಕಬೇಕು. ಮುಂದಿನವಳ ಹೆಗಲು ಸಾಯುತ್ತದೆ, ಹಿಂದಿನವಳ ಸೊಂಟ ಸಾಯುತ್ತದೆ. ಅದಕ್ಕೇ ರಸ್ತೆಯ ಅರ್ಧಕ್ಕೆ, ಒಡೆದ ದೀಪದ ಕಂಬದ ಹತ್ತಿರ ಬದಲಾಯಿಸಿಕೊಳ್ಳುತ್ತಿದ್ದೆವು. ಪೊರಕೆ ಕೊಟ್ಟವಳು ಜಾಕೆಟ್ಟನ್ನೂ ಬಿಚ್ಚಿ ಕೊಡಬೇಕು. ಪೊರಕೆ ಯಾರ ಕೈಯಲ್ಲೋ ಜಾಕೆಟ್ಟು ಅವರ ಮೈಮೇಲೆ. ಈ ಕಾನೂನನ್ನು ನಮಗೆ ಯಾರೂ ಮಾಡಿಕೊಟ್ಟದ್ದಲ್ಲ.

ಹಾಜರಿ ಪುಸ್ತಕದ್ದು ಇನ್ನೊಂದು ಅಭ್ಯಾಸವೂ ಇತ್ತು. ಉದ್ದಕ್ಕನಿಗೆ ಓದು ಬರಹ ಇಲ್ಲ. ಹೆಬ್ಬೆಟ್ಟು ಒತ್ತಿಸೋಣ ಎಂದರೆ ಮೇಸ್ತ್ರಿಯ ಶಾಯಿ ಡಬ್ಬಿ ಯಾವಾಗಲೂ ಒಣಗಿರುತ್ತಿತ್ತು. "ಏ ಗಿಡ್ಡಿ, ಅವಳದ್ದೂ ನೀನೇ ಗೀಚು" ಎನ್ನುತ್ತಿದ್ದ. ಗೀಚುತ್ತಿದ್ದೆ. ನನ್ನ ಹೆಸರಿನ ಕೆಳಗೆ ಒಂದು ಗೆರೆ, ಅವಳ ಹೆಸರಿನ ಕೆಳಗೆ ಎರಡು ಗೆರೆ. "ನಂಗ್ಯಾಕೆ ಎರಡು?" ಎಂದು ಅವಳು ಕೇಳಿದ್ದಳು. "ಉದ್ದ ಇದ್ದೀಯಲ್ಲ, ಒಂದು ಸಾಕಾಗಲ್ಲ" ಎಂದಿದ್ದೆ. ಹನ್ನೊಂದು ವರ್ಷ ಕೈ ತಾನಾಗಿಯೇ ಎರಡು ಹೆಸರು ಬರೆಯಿತು.

ಆ ದಿನ ನನಗೆ ಜ್ವರ. ರಜೆ ಹಾಕಿದರೆ ಕೂಲಿ ಇಲ್ಲ, ಜೊತೆಗೆ ಮೇಸ್ತ್ರಿಯ ಬೈಗುಳ. ಇನ್ನೂ ಬೆಳಕು ಹರಿದಿರಲಿಲ್ಲ. ಕಂಬದ ತನಕ ನಾನೇ ಗುಡಿಸಿದೆ. ಹಲ್ಲು ಕಟಕಟ ಅನ್ನುತ್ತಿತ್ತು. ಪೊರಕೆ ಅವಳ ಕೈಗೆ ಕೊಟ್ಟೆ. ಜಾಕೆಟ್ಟಿನ ಮುಂದಿನ ಅಂಟುಪಟ್ಟಿ ಕಿತ್ತು ಬಿಚ್ಚಲು ಹೋದೆ. ಅವಳು ನನ್ನ ಕೈ ಹಿಡಿದಳು. ಒಂದು ಮಾತು ಅಂದಳು. ಆ ಮಾತನ್ನು ನಾನು ಎರಡು ವರ್ಷ ಯಾರಿಗೂ ಹೇಳಲಿಲ್ಲ. ಪಟ್ಟಿಯನ್ನು ಅವಳೇ ಮತ್ತೆ ಅಂಟಿಸಿ, ಕಪ್ಪು ಸ್ವೆಟರಿನಲ್ಲಿ ರಸ್ತೆಯ ನಡುವಿಗೆ ಹೋದಳು.

ಇಪ್ಪತ್ತು ಹೆಜ್ಜೆ ಹೋಗಿರಬಹುದು. ಹಿಂದಿನಿಂದ ಕಾರು ಬಂತು. ಬಗ್ಗಿ ಮೊರ ತುಂಬುತ್ತಿದ್ದೆ, ಶಬ್ದ ಕೇಳಿ ತಲೆ ಎತ್ತಿದೆ. ಮೊದಲು ನನಗೆ ಸಿಕ್ಕಿದ್ದು ಪೊರಕೆ. ಆಮೇಲೆ ಒಂದು ಚಪ್ಪಲಿ. ಆಮೇಲೆ ಅವಳು. ಕಾರಿನವನು ಇಳಿದು ಫೋನಿನಲ್ಲಿ ಯಾರಿಗೋ, "ಕಾಣ್ಲೇ ಇಲ್ಲ, ಆಣೆಗೂ ಕಾಣ್ಲೇ ಇಲ್ಲ" ಎನ್ನುತ್ತಿದ್ದ. ಮೂರು ಸಲ ಅಂದ. ಅವಳ ಹತ್ತಿರ ಒಂದು ಸಲವೂ ಬರಲಿಲ್ಲ.

ನಾನು ಜಾಕೆಟ್ಟು ಬಿಚ್ಚಿ ಅವಳ ಮೇಲೆ ಹೊದಿಸಿದೆ. ಮುಖ ಮುಚ್ಚಿದರೆ ಹೊಟ್ಟೆ ಹೊರಗೆ, ಹೊಟ್ಟೆ ಮುಚ್ಚಿದರೆ ಮುಖ ಹೊರಗೆ. ಸರದಿ ಅವಳದ್ದೇ ಇತ್ತು. ಸತ್ತ ಮೇಲೆ ಸಿಕ್ಕಿತು.

ಅವಳಿಗೆ ಒಬ್ಬಳೇ ಮಗಳು. ದರ್ಜಿ ಅಂಗಡಿಯಲ್ಲಿ ಗುಂಡಿ ಹೊಲಿಯುವ ಹುಡುಗಿ, ಆಗ ಹತ್ತೊಂಬತ್ತು. ಎಂಟು ವರ್ಷದವಳಿದ್ದಾಗಿನಿಂದ ನನ್ನನ್ನು ಚಿಕ್ಕಮ್ಮ ಎನ್ನುತ್ತಿದ್ದಳು. ಆಸ್ಪತ್ರೆಯ ಹಿಂದಿನ ಬಾಗಿಲಲ್ಲಿ, ಹೆಣ ಕೊಡುವಲ್ಲಿ, ನನ್ನ ಎದುರಿಗೆ ಬಂದು ನಿಂತಳು. ಅಳುತ್ತಿರಲಿಲ್ಲ.

"ಜಾಕೆಟ್ ಯಾರ ಮೈಮೇಲಿತ್ತು?"

"ನನ್ನ ಮೈಮೇಲೆ."

"ಸರದಿ ಯಾರದ್ದು?"

"ಅಮ್ಮಂದು."

ಅಷ್ಟೇ. ಆಮೇಲೆ ಅವಳು ನನ್ನನ್ನು ಚಿಕ್ಕಮ್ಮ ಎನ್ನಲಿಲ್ಲ. ದಾರಿಯಲ್ಲಿ ಕಂಡರೆ ಆಚೆ ಬದಿಗೆ ದಾಟುತ್ತಿದ್ದಳು. ಅವಳದ್ದು ತಪ್ಪು ಎನ್ನಲು ನನಗೆ ಯಾವ ಮುಖ ಇತ್ತು?

ಮೂರನೇ ದಿನ ಮೇಸ್ತ್ರಿ ಆಟೋದಲ್ಲಿ ಒಂದು ದೊಡ್ಡ ಗಂಟು ತಂದ. ಎಲ್ಲರಿಗೂ ಹೊಸ ಜಾಕೆಟ್ಟು. ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿದರು ಅನ್ನುತ್ತಾರಲ್ಲ, ಹಾಗೆ. ಜೊತೆಗೆ, ಜಾಕೆಟ್ಟು ಪಡೆದದ್ದಕ್ಕೆ ಸಹಿ ಹಾಕಲು ಹೊಸ ರಿಜಿಸ್ಟರ್. "ಬೇಗ ಬೇಗ ಸೈನ್ ಹಾಕಿ, ನಂಗೆ ಇನ್ನೂ ನಾಲ್ಕು ಕಡೆ ಹೋಗ್ಬೇಕು" ಎಂದ. ನನ್ನ ಸರದಿ ಬಂತು. ಎರಡು ರಾತ್ರಿ ನಿದ್ದೆ ಇರಲಿಲ್ಲ. ಕೈ ಪೆನ್ನು ಹಿಡಿಯಿತು. ನನ್ನ ಹೆಸರು ಬರೆಯಿತು, ಒಂದು ಗೆರೆ ಎಳೆಯಿತು. ಕೆಳಗಿನ ಸಾಲಿಗೆ ಇಳಿಯಿತು. ಅವಳ ಹೆಸರು ಬರೆಯಿತು, ಎರಡು ಗೆರೆ ಎಳೆಯಿತು. ಎರಡನೇ ಗೆರೆ ಮುಗಿದ ಮೇಲೆ ನನಗೆ ಎಚ್ಚರವಾಯಿತು. ಸತ್ತವಳ ಸಹಿ ಹಾಕಿದ್ದೆ. "ಅಯ್ಯೋ, ಇದನ್ನ ಹೊಡೆದು ಹಾಕಿ" ಎಂದೆ. ಮೇಸ್ತ್ರಿ ರಿಜಿಸ್ಟರ್ ಕಸಿದುಕೊಂಡು ಕಂಕುಳಲ್ಲಿ ಇಟ್ಟ. "ಇರ್ಲಿ ಬಿಡು, ಎಲ್ಲಾದ್ರೂ ಉಪಯೋಗಕ್ಕೆ ಬರುತ್ತೆ" ಎಂದ. ಅವನ ಆ ಮಾತು ನನಗೆ ಅರ್ಥವಾಗಲು ಎರಡು ವರ್ಷ ಬೇಕಾಯಿತು.

ಆ ಎರಡು ವರ್ಷ ನಾನೊಬ್ಬಳೇ ಗುಡಿಸಿದೆ. ಜೋಡಿ ಕೊಡಲಿಲ್ಲ. ಗುಡಿಸುತ್ತ ಒಂದು ಸಲ ಹೋಗಬೇಕು, ತುಂಬುತ್ತ ಇನ್ನೊಂದು ಸಲ ಬರಬೇಕು. ಹೆಗಲೂ ನನ್ನದೇ, ಸೊಂಟವೂ ನನ್ನದೇ. ಅದನ್ನು ಮೈ ಹೇಗೋ ತಡೆದುಕೊಂಡಿತು. ತಡೆಯಲಾಗದೆ ಹೋದದ್ದು ಬೆನ್ನ ಹಿಂದಿನ ಮೌನ. ಮೊರ ಟಾರಿಗೆ ಉಜ್ಜುವ ಸದ್ದು ಇಲ್ಲ. "ನಿಧಾನ ಕಣೇ, ರಸ್ತೆ ಓಡಿಹೋಗಲ್ಲ" ಎನ್ನುವವರಿಲ್ಲ. ಒಡೆದ ದೀಪದ ಕಂಬದ ಹತ್ತಿರ ಬಂದಾಗ ಕೈ ಪೊರಕೆಯನ್ನು ಪಕ್ಕಕ್ಕೆ ಚಾಚುತ್ತಿತ್ತು. ತೆಗೆದುಕೊಳ್ಳುವವರು ಇರುತ್ತಿರಲಿಲ್ಲ. ಹಾಗೇ ಸ್ವಲ್ಪ ಹೊತ್ತು ಹಿಡಿದುಕೊಂಡು ನಿಂತು, ಮತ್ತೆ ನಾನೇ ಗುಡಿಸುತ್ತ ಹೋಗುತ್ತಿದ್ದೆ.

ಚಹಾದಂಗಡಿಯವನು ಕೆಲವು ದಿನ ಅಭ್ಯಾಸಬಲದಿಂದ ಎರಡು ಲೋಟ ಇಟ್ಟ. ಆಮೇಲೆ ಅವನಿಗೂ ಮರೆತುಹೋಯಿತು.

ಅಷ್ಟರಲ್ಲಿ ಮಗಳು ಪರಿಹಾರಕ್ಕೆ ಕೇಸು ಹಾಕಿದ್ದಳು. ಕಾರಿಗೆ ವಿಮೆ ಇತ್ತು. ವಿಮೆ ಕಂಪನಿಯವರು ಕೊಡಬೇಕು. ಅವರು ಹೇಳಿದ್ದು ಇಷ್ಟು: ಮೃತಳಿಗೆ ಜಾಕೆಟ್ಟು ಕೊಡಲಾಗಿತ್ತು, ಅವಳು ಹಾಕಿಕೊಳ್ಳಲಿಲ್ಲ, ಆದ್ದರಿಂದ ಅರ್ಧ ತಪ್ಪು ಅವಳದ್ದೇ, ಆದ್ದರಿಂದ ಪರಿಹಾರವೂ ಅರ್ಧ. ಅದಕ್ಕೆ ಸಾಕ್ಷಿ ಆ ರಿಜಿಸ್ಟರ್. ಅದರ ಮೇಲೆ ಅವಳು ಸಾಯುವುದಕ್ಕೆ ಎರಡು ತಿಂಗಳು ಹಿಂದಿನ ತಾರೀಖು ಹಾಕಿಟ್ಟಿದ್ದರು. ಜಾಕೆಟ್ಟು ಕೊಟ್ಟೇ ಇಲ್ಲ ಎಂದಾದರೆ ಗುತ್ತಿಗೆದಾರನ ಗುತ್ತಿಗೆ ಹೋಗುತ್ತಿತ್ತು. ಕಂಪನಿಗೆ ದುಡ್ಡು ಉಳಿಯಬೇಕು, ಇವನಿಗೆ ಗುತ್ತಿಗೆ ಉಳಿಯಬೇಕು. ಇಬ್ಬರಿಗೂ ಬೇಕಾದದ್ದು ಸತ್ತವಳ ತಪ್ಪು. ಸತ್ತವಳು ಎದ್ದು ಬಂದು ಎದುರು ಮಾತಾಡುವುದಿಲ್ಲವಲ್ಲ.

ಒಂದು ಮಧ್ಯಾಹ್ನ ಮೇಸ್ತ್ರಿ ನನ್ನ ಕೋಣೆಗೇ ಬಂದ. ಹದಿಮೂರು ವರ್ಷದಲ್ಲಿ ಅದೇ ಮೊದಲ ಸಲ. ಬಾಗಿಲಲ್ಲೇ ನಿಂತು ಮೂಗಿನ ಮೇಲೆ ಕರವಸ್ತ್ರ ಇಟ್ಟುಕೊಂಡ.

"ಗಿಡ್ಡಮ್ಮ, ಕೋರ್ಟಲ್ಲಿ ನಾಲ್ಕು ಮಾತು ಹೇಳ್ಬೇಕು" ಎಂದ. ಗಿಡ್ಡಿ ಅಂದು ಗಿಡ್ಡಮ್ಮ ಆಗಿದ್ದೆ. "ಎಲ್ರಿಗೂ ಜಾಕೆಟ್ ಕೊಟ್ಟಿದ್ರು, ಅವಳು ಮನೇಲಿ ಬಿಟ್ಟು ಬಂದಿದ್ಲು ಅನ್ನು. ಸಾಕು. ಮುಂದಿನ ತಿಂಗಳಿಂದ ನಿಂಗೆ ಆಫೀಸ್ ತೋಟಕ್ಕೆ ನೀರು ಬಿಡೋ ಕೆಲ್ಸ. ನೆರಳಲ್ಲಿ ಇರಬಹುದು."

"ಹೇಳದಿದ್ರೆ?"

"ಹೇಳದಿದ್ರೆ ಏನಿಲ್ಲ. ನಿನ್ನ ವಯಸ್ಸಿನವ್ರಿಗೆ ಬೇರೆ ಕಡೆ ಯಾರು ಪೊರಕೆ ಕೊಡ್ತಾರೆ ಅಂತ ನೀನೇ ಯೋಚ್ನೆ ಮಾಡು."

ಯೋಚನೆ ಮಾಡಲಿಲ್ಲ ಎಂದು ಸುಳ್ಳು ಹೇಳಲಾರೆ, ಮಾಡಿದೆ. ನನ್ನ ಸೊಂಟ ಆಗಲೇ ಕೈ ಕೊಟ್ಟಿತ್ತು. ನೆರಳು ಎಂಬ ಮಾತು ಕಿವಿಯಲ್ಲೇ ಉಳಿಯಿತು. ಮಗಳು ಹೇಗೂ ನನ್ನ ಮುಖ ನೋಡುವುದಿಲ್ಲ, ಯಾರಿಗಾಗಿ ಹೊಟ್ಟೆಯ ಮೇಲೆ ಹೊಡೆಸಿಕೊಳ್ಳಲಿ ಎಂದೂ ಅನ್ನಿಸಿತು. ಮಾರನೇ ದಿನ ಅವನ ಜೊತೆ ಹೋದೆ.

ಕಂಪನಿ ವಕೀಲರ ಕಚೇರಿ ನಾಲ್ಕನೇ ಮಹಡಿಯಲ್ಲಿತ್ತು. ಲಿಫ್ಟಿನಲ್ಲಿ ಬರಬೇಡ ಎಂದರು, ಹತ್ತಿ ಹೋದೆ. ಕೂರಲು ಹೇಳಿದರು. ಕೂರುವ ಮೊದಲು ಅವರ ಸಹಾಯಕಿ ಓಡಿ ಬಂದು ಕುರ್ಚಿಯ ಮೇಲೆ ಹಳೇ ಪೇಪರ್ ಹಾಸಿದಳು. ನಾನು ಆ ದಿನ ತಲೆಗೆ ಸ್ನಾನ ಮಾಡಿ, ಒಗೆದ ಬಟ್ಟೆ ಹಾಕಿ ಹೋಗಿದ್ದೆ. ಪೇಪರಿನ ಮೇಲೆ ಕೂತೆ. ಅಲ್ಲಾಡಿದರೆ ಸರಸರ ಅನ್ನುತ್ತಿತ್ತು. ಅದಕ್ಕೇ ಅಲ್ಲಾಡದೆ ಕೂತೆ.

ವಕೀಲರು ಒಳ್ಳೆಯ ಮಾತಿನವರು. ಪ್ರಶ್ನೆ ಕೇಳುತ್ತಿದ್ದರು, ಉತ್ತರವನ್ನೂ ಅವರೇ ಹೇಳಿಕೊಡುತ್ತಿದ್ದರು. ನಾನು ಗಿಣಿಯ ಹಾಗೆ ಒಪ್ಪಿಸುತ್ತಿದ್ದೆ. ಕೊನೆಗೆ ರಿಜಿಸ್ಟರ್ ತೋರಿಸಿ, "ಇದು ಅವಳ ಸಹಿ ಅಲ್ವಾ?" ಎಂದರು. ಎರಡು ಗೆರೆ ನೋಡಿದೆ. "ಹೌದು" ಎಂದೆ. "ನೋಡಮ್ಮ, ಹೋದವಳು ಹೋದ್ಲು. ಅವಳಿಗೇನೂ ನೋವಾಗಲ್ಲ" ಎಂದರು.

ಎದ್ದಾಗ ಪೇಪರ್ ನನ್ನ ಬಟ್ಟೆಗೆ ಅಂಟಿಕೊಂಡು ಬಂತು. ಸಹಾಯಕಿ ಅದನ್ನು ಎರಡು ಬೆರಳಲ್ಲಿ ಕಿತ್ತು ಕಸದ ಬುಟ್ಟಿಗೆ ಹಾಕಿದಳು. ಆ ಕಸ ನಾಳೆ ಯಾರು ಎತ್ತಬೇಕು ಎಂದು ಯೋಚಿಸಿದೆ. ಮೆಟ್ಟಿಲು ಇಳಿಯುವಾಗ ಸಿಟ್ಟು ಬಂತು. ಎರಡು ವರ್ಷ ನನ್ನ ಮೇಲೆಯೇ ಇದ್ದ ಸಿಟ್ಟು ಮೊದಲ ಸಲ ದಾರಿ ಬದಲಿಸಿತು.

ಮನೆಗೆ ಬಂದು ಗೂಡಿನಿಂದ ಹಳೇ ಜಾಕೆಟ್ಟು ತೆಗೆದೆ. ಪೊಲೀಸರು ಅದನ್ನು ಬೇಡ ಎಂದಿದ್ದರು, ನಾನೇ ಇಟ್ಟುಕೊಂಡಿದ್ದೆ. ಒಗೆದಿರಲಿಲ್ಲ. ಹೊಸದನ್ನೂ ತೆಗೆದೆ. ಹೊಸದರ ಕುತ್ತಿಗೆಯ ಒಳಗೆ ಒಂದು ಸಣ್ಣ ಚೀಟಿ ಹೊಲಿದಿತ್ತು. ಯಾವ ತಿಂಗಳು ತಯಾರಾದದ್ದು ಎಂದು ಅದರಲ್ಲಿ ಅಚ್ಚಾಗಿತ್ತು. ಒಗೆಯುವಾಗ ಎಷ್ಟೋ ಸಲ ನೋಡಿದ್ದೆ, ಲಕ್ಷ್ಯಕ್ಕೆ ಬಂದಿರಲಿಲ್ಲ. ವಕೀಲರು ತೋರಿಸಿದ ರಿಜಿಸ್ಟರಿನ ತಾರೀಖಿಗಿಂತ ಒಂದು ತಿಂಗಳು ಈಚಿನದ್ದು. ತಯಾರೇ ಆಗದ ಜಾಕೆಟ್ಟನ್ನು ಅವಳಿಗೆ ಕೊಟ್ಟಿದ್ದರಂತೆ. ಎರಡನ್ನೂ ಚೀಲಕ್ಕೆ ಹಾಕಿದೆ.

ಕೋರ್ಟಿನಲ್ಲಿ ನಾನು ಕಂಪನಿ ಕಡೆಯ ಸಾಕ್ಷಿ. ಮೇಸ್ತ್ರಿ ಹಿಂದಿನ ಬೆಂಚಿನಲ್ಲಿ ಕೂತಿದ್ದ. ಮಗಳು ಈಚೆ ಬದಿಯಲ್ಲಿ, ತನ್ನ ವಕೀಲರ ಪಕ್ಕ. ನನ್ನನ್ನು ನೋಡಿ ಮುಖ ತಿರುಗಿಸಿದಳು. ಸಾಕ್ಷಿಕಟ್ಟೆಯಲ್ಲಿ ಕುರ್ಚಿ ಇರಲಿಲ್ಲ. ಪೇಪರ್ ಹಾಸುವ ತೊಂದರೆಯೂ ಇರಲಿಲ್ಲ. ನಿಂತೆ.

ಕಂಪನಿ ವಕೀಲರು ರಿಜಿಸ್ಟರ್ ನನ್ನ ಮುಂದೆ ಹಿಡಿದರು. "ಇದು ಮೃತಳ ಸಹಿ ತಾನೇ?"

"ಅಲ್ಲ."

ಅವರು ನಕ್ಕರು. "ಸರಿಯಾಗಿ ನೋಡಮ್ಮ."

"ಸರಿಯಾಗೇ ನೋಡಿದೀನಿ ಸ್ವಾಮಿ. ಅದು ನನ್ನ ಕೈಬರಹ. ಅವಳಿಗೆ ಬರೆಯೋಕೆ ಬರ್ತಿರ್ಲಿಲ್ಲ. ಅವಳು ಸತ್ತ ಮೂರನೇ ದಿನ ನಾನು ಗೀಚಿದ್ದು. ಪೆನ್ ಕೊಡಿ, ಇಲ್ಲೇ ಬರೆದು ತೋರಿಸ್ತೀನಿ."

ಹಿಂದಿನ ಬೆಂಚು ಕಿರ್ರೆಂದಿತು. ನ್ಯಾಯಾಧೀಶರು ತಲೆ ಎತ್ತಿದರು. ಪೆನ್ನು ಕೊಡಿಸಿದರು. ಬರೆದೆ. ಎರಡು ಗೆರೆ ಎಳೆದೆ. ಮಗಳ ವಕೀಲರು ಎದ್ದು, ಮೃತಳದ್ದು ಬ್ಯಾಂಕಿನಲ್ಲೂ ಹೆಬ್ಬೆಟ್ಟೇ ಎಂದು ಕಾಗದ ಕೊಟ್ಟರು. ನಾನು ಚೀಲದಿಂದ ಜಾಕೆಟ್ಟುಗಳನ್ನು ತೆಗೆದೆ. ಹೊಸದರ ಚೀಟಿಯನ್ನು ನ್ಯಾಯಾಧೀಶರು ಕನ್ನಡಕ ಏರಿಸಿ ಓದಿದರು. ಹಳೆಯದನ್ನು ಮುಟ್ಟಲಿಲ್ಲ, ಬಹಳ ಹೊತ್ತು ನೋಡಿದರು.

ಕಂಪನಿ ವಕೀಲರ ಒಳ್ಳೆಯ ಮಾತು ಮುಗಿದಿತ್ತು. "ಸತ್ತವರ ಸಹಿ ಹಾಕೋದು ಅಪರಾಧ. ಜೈಲಿಗೆ ಹೋಗ್ತೀಯ, ಗೊತ್ತಾ?"

"ಗೊತ್ತು. ಬದುಕಿದ್ದಾಗ ಹನ್ನೊಂದು ವರ್ಷ ಹಾಕಿದೀನಿ. ಆಗ ಯಾರೂ ಅಪರಾಧ ಅನ್ನಲಿಲ್ಲ."

"ಆ ದಿನ ಜಾಕೆಟ್ ಯಾರ ಮೈಮೇಲಿತ್ತು?"

"ನನ್ನ ಮೈಮೇಲೆ."

"ಅವಳು ಯಾಕೆ ತಗೊಳ್ಳಲಿಲ್ಲ?"

ಎರಡು ವರ್ಷ ಬಾಯಲ್ಲೇ ಇಟ್ಟುಕೊಂಡಿದ್ದ ಮಾತನ್ನು ಹೀಗೆ, ಇವರ ಮುಂದೆ ಹೇಳಬೇಕಾಯಿತು.

"ನಂಗೆ ಜ್ವರ ಇತ್ತು. 'ನೀನೇ ಇಟ್ಕೊಳೇ ಗಿಡ್ಡಿ, ನಡುಗ್ತಿದೀಯ. ನಾನು ಉದ್ದ ಇದೀನಿ, ಹೇಗಿದ್ರೂ ಕಾಣ್ತೀನಿ' ಅಂದ್ಲು."

ವಕೀಲರು ಗಕ್ಕನೆ ಹಿಡಿದುಕೊಂಡರು. "ನೋಡಿ, ಬೇಕು ಬೇಕೂಂತಲೇ ಜಾಕೆಟ್ ಬಿಟ್ಟಿದ್ದಾಳೆ. ಇದು ಅವಳ ನಿರ್ಲಕ್ಷ್ಯ ಅಲ್ದೆ ಇನ್ನೇನು?"

ನನ್ನ ಕೈ ಕಟ್ಟೆಯ ಕಂಬಿ ಹಿಡಿದುಕೊಂಡಿತು. ಪೊರಕೆಯ ಕೋಲಿನಷ್ಟೇ ದಪ್ಪ ಇತ್ತು.

"ಸ್ವಾಮಿ, ಮೈ ಎರಡು, ಜಾಕೆಟ್ ಒಂದು. ಇಬ್ಬರಲ್ಲಿ ಒಬ್ಬಳು ಯಾರಿಗೂ ಕಾಣಬಾರದು ಅಂತ ಮೇಲಿನವರು ಐದು ವರ್ಷ ಮೊದ್ಲೇ ತೀರ್ಮಾನ ಮಾಡಿದ್ರು. ಆ ಒಬ್ಬಳು ಯಾರು ಅನ್ನೋದನ್ನ ಮಾತ್ರ ನಮಗೆ ಬಿಟ್ಟಿದ್ರು. ಆ ದಿನ ಉದ್ದಕ್ಕ, ಆ ಒಬ್ಬಳು ನಾನೇ ಆಗ್ತೀನಿ ಅಂದ್ಲು. ಅದನ್ನ ತಪ್ಪು ಅಂತ ಬರ್ಕೊಳ್ಳೋದಾದ್ರೆ ಬರ್ಕೊಳ್ಳಿ. ನನ್ನ ಬಾಯಲ್ಲಿ ಮಾತ್ರ ಅದು ಬರಲ್ಲ."

ಬೆರಳಚ್ಚಿನವಳ ಯಂತ್ರ ನಿಂತಿತ್ತು. "ಬರ್ಕೊಳ್ಳಿ, ಪೂರ್ತಿ ಬರ್ಕೊಳ್ಳಿ" ಎಂದರು ನ್ಯಾಯಾಧೀಶರು.

ಹೊರಗೆ ಮೇಸ್ತ್ರಿ ಕಾದಿದ್ದ. "ಉಂಡ ಮನೆಗೆ ಎರಡು ಬಗೆದೆ. ನಾಳೆಯಿಂದ ಬರ್ಬೇಡ. ನಮ್ಮ ಜಾಕೆಟ್ ವಾಪಸ್ ಕೊಡು" ಎಂದ.

"ಎರಡೂ ಜಡ್ಜ್ ಹತ್ರ ಇದೆ. ಹೋಗಿ ಕೇಳು" ಎಂದೆ. ಹದಿಮೂರು ವರ್ಷದಲ್ಲಿ ಅವನಿಗೆ ಏಕವಚನದಲ್ಲಿ ಮಾತಾಡಿದ್ದು ಅದೇ ಮೊದಲು. ಖುಷಿಯಾಯಿತು. ಆ ಖುಷಿ ಬಸ್ ಸ್ಟಾಪಿನ ತನಕ ಇತ್ತು. ಅಲ್ಲಿಂದ ಮುಂದೆ ಹೇಳಿಕೊಳ್ಳಲು ಯಾರೂ ಇರಲಿಲ್ಲ.

ನಾಲ್ಕು ತಿಂಗಳಿಗೆ ತೀರ್ಪು ಬಂತು. ಆ ಹೊತ್ತಿಗೆ ನಾನು ಎರಡು ಮನೆಯ ಪಾತ್ರೆ ತಿಕ್ಕುತ್ತಿದ್ದೆ. ಸುಳ್ಳು ಸಹಿಯ ಬಗ್ಗೆ ಪೊಲೀಸ್ ಠಾಣೆಗೂ ಮೂರು ಸಲ ಅಲೆದಿದ್ದೆ, ಇನ್ನೂ ಅಲೆಯುತ್ತಿದ್ದೇನೆ. ಸಂಜೆ ಬಾಗಿಲಲ್ಲಿ ಮಗಳು ನಿಂತಿದ್ದಳು. ಕೈಯಲ್ಲಿ ಕಾಗದ. ಒಳಗೆ ಬಾ ಎಂದರೂ ಬರಲಿಲ್ಲ, ಹೊಸ್ತಿಲ ಮೇಲೆಯೇ ಕೂತಳು. ಒಂದು ಸಾಲು ಓದಿದಳು: "ಮೃತಳದ್ದು ಯಾವ ತಪ್ಪೂ ಇಲ್ಲ."

"ಇನ್ನೊಂದ್ಸಲ ಓದು" ಎಂದೆ. ಓದಿದಳು. ಇಬ್ಬರೂ ಅತ್ತೆವು, ಅವಳು ಹೊಸ್ತಿಲಲ್ಲಿ, ನಾನು ಮಂಚದ ಮೇಲೆ.

"ನಿಮ್ಮ ಮೇಲೆ ಸಿಟ್ಟು ಇನ್ನೂ ಹೋಗಿಲ್ಲ ಚಿಕ್ಕಮ್ಮ" ಎಂದಳು.

"ಹೋಗೋದು ಬೇಡ. ಸಿಟ್ಟಿದ್ರೆ ಜಗಳಕ್ಕಾದ್ರೂ ಬರ್ತೀಯ."

ಅವಳು ಕಣ್ಣೊರೆಸಿಕೊಂಡು ಎದ್ದು ಹೋದಳು. ಬರುತ್ತೇನೆ ಎನ್ನಲಿಲ್ಲ, ಬರುವುದಿಲ್ಲ ಎಂದೂ ಅನ್ನಲಿಲ್ಲ.

ಮಾರನೇ ದಿನ ಎಂದಿನ ಹೊತ್ತಿಗೆ ಎಚ್ಚರವಾಯಿತು. ಎದ್ದು ಆ ರಸ್ತೆಗೆ ಹೋದೆ. ಹೊಸ ಜೋಡಿ ಬಂದಿತ್ತು, ಇಬ್ಬರೂ ಚಿಕ್ಕ ವಯಸ್ಸಿನವರು. ಇಬ್ಬರ ಮೈಮೇಲೂ ಜಾಕೆಟ್ಟು. ಒಂದು ಗಾಡಿ ಹಾದುಹೋಯಿತು, ಇಬ್ಬರೂ ಮಿಂಚಿದರು. ಕಂಬದ ಹತ್ತಿರ ಬಂದು ಪೊರಕೆ ಬದಲಾಯಿಸಿಕೊಂಡರು. ಬರೀ ಪೊರಕೆ. ನಾನು ಅಲ್ಲೇ, ಒಡೆದ ದೀಪದ ಕೆಳಗೆ ನಿಂತಿದ್ದೆ. ಅವರಲ್ಲೊಬ್ಬಳು ಎಡವುವಷ್ಟು ಹತ್ತಿರ ಬಂದು ಬೆಚ್ಚಿಬಿದ್ದಳು.

"ಅಯ್ಯೋ, ಯಾರಮ್ಮ ನೀವು? ಹೀಗೆ ಕತ್ತಲಲ್ಲಿ ನಿಂತ್ರೆ ಯಾರಿಗೂ ಕಾಣಲ್ಲ. ಯಾರಿಗೆ ಕಾಯ್ತಿದೀರ?"

"ನನ್ನ ಜೋಡಿಗೆ" ಎಂದೆ.